ಗೋಡೆಗೆ ನಾಲಗೆ ಬಂದರೆ

ಗೋಡೆಗೂ ಕಿವಿಯಿದೆ ಎಂಬ ಮಾತು ಕನ್ನಡದಲ್ಲಿದೆ, ಉರ್ದುವಿನಲ್ಲೂ ಇದೆ. ಎರಡೂ ಕಡೆ ಅದು ಎಚ್ಚರಿಕೆಯ ಮಾತು. ದನಿ ತಗ್ಗಿಸು, ಯಾರೋ ಕೇಳಿಸಿಕೊಳ್ಳುತ್ತಿದ್ದಾರೆ ಎಂದಷ್ಟೇ ಅದರ ಅರ್ಥ. ಕೇಳಿಸಿಕೊಂಡದ್ದನ್ನು ಗೋಡೆ ತನ್ನೊಳಗೆ ಇಟ್ಟುಕೊಂಡಿರುತ್ತದೆ, ಮುಂದೊಂದು ದಿನ ಯಾರೋ ಬಂದು ಅದನ್ನು ಬಿಚ್ಚಿ ಓದುತ್ತಾರೆ ಎಂಬ ಯೋಚನೆ ಆ ಗಾದೆಯಲ್ಲಿಲ್ಲ. ಅದನ್ನು ಬೆಳೆಸಿದವರು ಕತೆಗಾರರು. ಮಡಕೆ, ಮೆಟ್ಟಿಲು, ಕುರ್ಚಿ, ಕಲ್ಲುಗಳಲ್ಲಿ ಉಳಿದ ಸದ್ದಿನ ಗುರುತುಗಳಿಂದ ಅಲ್ಲಿ ಬದುಕಿ ಹೋದವರ ನೆನಪನ್ನು ಓದುವ ಒಂದು ಶಾಸ್ತ್ರವನ್ನೇ ಅವರು ಕಲ್ಪಿಸಿದ್ದಾರೆ. ಯಾವ ವಿಶ್ವವಿದ್ಯಾನಿಲಯದಲ್ಲೂ ಅದಕ್ಕೊಂದು ವಿಭಾಗವಿಲ್ಲ. ಆದರೂ ಎರಡು ಶತಮಾನಗಳ ಹತ್ತಿರ ಅದು ಗಣಿತಜ್ಞರನ್ನು, ಎಂಜಿನಿಯರುಗಳನ್ನು, ಕಥನಕಾರರನ್ನು ಸೆಳೆಯುತ್ತಲೇ ಬಂದಿದೆ. ಈ ಬರಹದ ಮಟ್ಟಿಗೆ ಅದನ್ನು 'ಸದ್ದಿನ ಓದು' ಎಂದು ಕರೆಯೋಣ. ಅದು ಸಾಧ್ಯವೇ ಎಂಬುದಕ್ಕಿಂತ ಬೇರೊಂದು ಪ್ರಶ್ನೆ ನಮಗೆ ಮುಖ್ಯವೆನಿಸುತ್ತದೆ. ವಸ್ತುಗಳು ಮಾತಾಡಲಿ ಎಂದು ಮನುಷ್ಯರು ಹಂಬಲಿಸುವುದು ಯಾವಾಗ? ಯಾರ ಬಾಯಿ ಕಟ್ಟಿರುವಾಗ?

ನಮ್ಮ ಅಜ್ಜಿಯಂದಿರು ಹೇಳುತ್ತಿದ್ದ ಕತ್ತೆಕಿವಿ ರಾಜನ ಕತೆಯಲ್ಲಿ ಇದಕ್ಕೆ ಉತ್ತರದ ಎಳೆಯೊಂದಿದೆ. ಹಲವು ದೇಶಗಳಲ್ಲಿ ಹಲವು ರೂಪಗಳಲ್ಲಿ ತಿರುಗಾಡಿದ ಕತೆಯದು. ರಾಜನಿಗೆ ಕತ್ತೆಯ ಕಿವಿಗಳಿರುವುದು ಕ್ಷೌರಿಕನೊಬ್ಬನಿಗೆ ಮಾತ್ರ ಗೊತ್ತು. ಬಾಯಿಬಿಟ್ಟರೆ ತಲೆ ಹೋಗುತ್ತದೆ. ಗುಟ್ಟನ್ನು ಹೊಟ್ಟೆಯಲ್ಲಿಟ್ಟುಕೊಳ್ಳಲಾರದೆ ಅವನು ಕಾಡಿಗೆ ಹೋಗಿ ಒಂದು ಮರದ ಮುಂದೆ ಎಲ್ಲವನ್ನೂ ಹೇಳಿ ಹಗುರಾಗುತ್ತಾನೆ. ಆ ಮರವನ್ನು ಕಡಿದು ಯಾರೋ ಡೋಲು ಮಾಡುತ್ತಾರೆ. ತುಂಬಿದ ಸಭೆಯಲ್ಲಿ ಡೋಲಿಗೆ ಪೆಟ್ಟು ಬಿದ್ದಾಗ ಅದು ನುಡಿಯುವುದು ತಾಳವನ್ನಲ್ಲ, ರಾಜನ ಗುಟ್ಟನ್ನು. ಮರ ಕೇಳಿಸಿಕೊಂಡಿತ್ತು, ಇಟ್ಟುಕೊಂಡಿತ್ತು, ಹೊಡೆದಾಗ ಹೇಳಿತು. ಸದ್ದಿನ ಓದಿನ ಪೂರ್ತಿ ಸಿದ್ಧಾಂತ ಇಲ್ಲಿದೆ. ಆದರೆ ಮಕ್ಕಳಿಗೆ ಕತೆ ಹೇಳುವಾಗ ನಾವು ದಾಟಿಬಿಡುವ ಅಂಶವೊಂದಿದೆ. ಕ್ಷೌರಿಕನಿಗೆ ಮಾತಾಡುವ ಸ್ವಾತಂತ್ರ್ಯವಿದ್ದಿದ್ದರೆ ಮರ ಮಾತಾಡಬೇಕಾದ ಅಗತ್ಯವೇ ಇರುತ್ತಿರಲಿಲ್ಲ.

ಮುಸ್ಲಿಂ ಮನೆಗಳಲ್ಲಿ ಬೆಳೆದವರಿಗೆ ವಸ್ತುಗಳ ಈ ಸಾಕ್ಷ್ಯ ಕತೆಯಷ್ಟೇ ಅಲ್ಲ, ನಂಬಿಕೆಯ ಭಾಗ. ಅಂತ್ಯದಿನದಂದು ಭೂಮಿ ತನ್ನ ಮೇಲೆ ನಡೆದುದೆಲ್ಲವನ್ನೂ ವರದಿ ಮಾಡುತ್ತದೆ ಎಂಬ ಭಾವ ಕುರ್‌ಆನಿನ ಝಿಲ್‌ಝಾಲ್ ಅಧ್ಯಾಯದಲ್ಲಿದೆ. ಬಾಯಿಗೆ ಮುದ್ರೆ ಬಿದ್ದು ಕೈಗಳು ಮಾತಾಡುವ, ಕಾಲುಗಳು ಸಾಕ್ಷಿ ನುಡಿಯುವ ಚಿತ್ರ ಯಾಸೀನಿನಲ್ಲಿದೆ. ಬಾಂಗ್ ಕರೆಯುವವನ ದನಿ ಎಲ್ಲಿಯವರೆಗೆ ಮುಟ್ಟುತ್ತದೆಯೋ ಅಲ್ಲಿಯವರೆಗೆ ಅದನ್ನು ಕೇಳಿದ ಪ್ರತಿಯೊಂದೂ ಅವನ ಪರವಾಗಿ ಗವಾಹಿ ಹೇಳುತ್ತದೆ ಎಂದು ಹದೀಸ್ ತಿಳಿಸುತ್ತದೆ. ಮದೀನಾದ ಮಸೀದಿಯಲ್ಲಿ ಪ್ರವಾದಿಯವರು(ಸ) ಒರಗಿ ನಿಲ್ಲುತ್ತಿದ್ದ ಖರ್ಜೂರದ ಕಾಂಡವು, ಅವರು ಹೊಸ ಮಿಂಬರ್ ಏರಿದಾಗ ಅಗಲಿಕೆಯಿಂದ ಅತ್ತ ಪ್ರಸಂಗವನ್ನು ಎಲ್ಲ ಮಕ್ಕಳೂ ಕೇಳಿರುತ್ತಾರೆ. ಇವನ್ನು ವಿಜ್ಞಾನದ ಮುನ್ಸೂಚನೆ ಎಂದು ಸಾಧಿಸಹೊರಡುವ ಬರಹಗಳು ಬಹಳ ಬಂದಿವೆ. ನಮಗೆ ಆ ದಾರಿ ಬೇಡ. ಇಲ್ಲಿ ಗಮನಿಸಬೇಕಾದದ್ದು ಬೇರೆ. ಈ ಪರಂಪರೆಯಲ್ಲಿ ವಸ್ತು ಮಾತಾಡುವುದು ಕುತೂಹಲ ತಣಿಸಲಿಕ್ಕಲ್ಲ, ನ್ಯಾಯ ತೀರ್ಮಾನವಾಗುವ ಹೊತ್ತಿನಲ್ಲಿ. ಅದರ ಮಾತನ್ನು ಕೇಳುವವನೂ ಮನುಷ್ಯನಲ್ಲ.

ಆಧುನಿಕ ಕಾಲದಲ್ಲಿ ಸದ್ದಿನ ಓದಿಗೆ ಬೀಜ ಹಾಕಿದ ಚಾರ್ಲ್ಸ್ ಬ್ಯಾಬೇಜ್ ಕೂಡ ಹೊರಟಿದ್ದು ಇದೇ ಜಾಗದಿಂದ. ಲೆಕ್ಕ ಮಾಡುವ ಯಂತ್ರಗಳನ್ನು ಕಲ್ಪಿಸಿ ಕಂಪ್ಯೂಟರಿನ ಪೂರ್ವಜನೆನಿಸಿಕೊಂಡ ಈ ಇಂಗ್ಲಿಷ್ ಗಣಿತಜ್ಞ 1837ರಲ್ಲಿ ಪ್ರಕಟಿಸಿದ ಗ್ರಂಥವೊಂದರಲ್ಲಿ, ನಾವಾಡಿದ ಪ್ರತಿ ಮಾತೂ ಗಾಳಿಯ ಕಣಗಳಲ್ಲಿ ಚಲನೆಯಾಗಿ ಉಳಿದೇ ಇರುತ್ತದೆ, ಸಾಕಷ್ಟು ಲೆಕ್ಕ ಬಲ್ಲ ಬುದ್ಧಿಗೆ ಅದನ್ನು ಮತ್ತೆ ಓದಲು ಸಾಧ್ಯ ಎಂದು ವಾದಿಸಿದ. ಗಾಳಿಯನ್ನು ದೊಡ್ಡ ಗ್ರಂಥಾಲಯಕ್ಕೆ ಹೋಲಿಸಿದ ಆ ಭಾಗವನ್ನು ಎಲ್ಲರೂ ನೆನೆಯುತ್ತಾರೆ. ಅದೇ ಅಧ್ಯಾಯದಲ್ಲಿ ಅವನು ಕೊಡುವ ಉದಾಹರಣೆಯನ್ನು ನೆನೆಯುವವರು ಕಡಿಮೆ. ಅದು ಗುಲಾಮರ ಹಡಗಿನ ಉದಾಹರಣೆ. ಗುಲಾಮರ ಸಾಗಾಟವನ್ನು ಬ್ರಿಟನ್ 1807ರಲ್ಲೇ ಕಾನೂನುಬಾಹಿರಗೊಳಿಸಿತ್ತು. ಸಿಕ್ಕಿಬೀಳುವ ಭಯದಲ್ಲಿ, ಹಡಗು ಹಗುರಾಗಲೆಂದು, ಸಂಕೋಲೆ ತೊಟ್ಟ ಮನುಷ್ಯರನ್ನು ಸಮುದ್ರಕ್ಕೆ ಎಸೆದುಬಿಡುವ ಒಡೆಯರಿದ್ದರು. ಹೇಳಲು ಯಾರೂ ಉಳಿಯುತ್ತಿರಲಿಲ್ಲ. ಬ್ಯಾಬೇಜನ ಪ್ರಕಾರ ಕೊನೆಯ ವಿಚಾರಣೆಯಲ್ಲಿ ಆ ಗುಲಾಮನಿಗೆ ಜೀವಂತ ಸಾಕ್ಷಿಯ ಅಗತ್ಯವಿಲ್ಲ. ನೀರಿನ, ಗಾಳಿಯ ಕಣಗಳೇ ಸಾಕು. ಅಂದರೆ ಈ ಕಲ್ಪಿತ ಶಾಸ್ತ್ರದ ಮೊದಲ ಪಾಠ ನೆನಪಿನದಲ್ಲ, ಗವಾಹಿಯದು. ಕೊಂದವನು ಸಾಕ್ಷಿಯನ್ನೂ ಮುಳುಗಿಸಿದಾಗ ಮುಳುಗಿಸಿದ ನೀರೇ ಸಾಕ್ಷಿಯಾಗಲಿ ಎಂಬ ಹಂಬಲ ಅದು. ಮುಂದೆ ಬಂದ ಕತೆಗಳನ್ನು ನಾವು ಅಳೆಯಬೇಕಾದದ್ದು ಈ ಕೋಲಿನಿಂದ ಎಂದು ನಮಗನಿಸುತ್ತದೆ.

ಅದಕ್ಕೂ ಮುನ್ನ ಒಂದು ವಾಸ್ತವ. ಕಲ್ಲುಗೋಡೆ ಮಾತನ್ನು ಹಿಡಿದಿಡಲಾರದು. ಬಿಜಾಪುರದ ಗೋಲಗುಮ್ಮಟಕ್ಕೆ ಹೋದವರೆಲ್ಲ ಇದನ್ನು ತಾವೇ ಪರೀಕ್ಷಿಸಿದ್ದಾರೆ. 1656ರ ಹೊತ್ತಿಗೆ ಮುಗಿದ ಮಹಮ್ಮದ್ ಆದಿಲ್‌ಶಾಹನ ಆ ಗೋರಿಯ ಪಿಸುಗುಡುವ ಮೊಗಸಾಲೆಯಲ್ಲಿ ಶಾಲೆಯ ಮಕ್ಕಳು ತಮ್ಮ ಹೆಸರು ಕೂಗುತ್ತಾರೆ. ಹೆಸರು ಮತ್ತೆ ಮತ್ತೆ ಮರಳಿ ಬರುತ್ತದೆ, ಕ್ಷೀಣವಾಗುತ್ತದೆ, ನಿಲ್ಲುತ್ತದೆ. ಗುಮ್ಮಟ ದನಿಯನ್ನು ಹಿಂದಿರುಗಿಸುತ್ತದೆ, ಇಟ್ಟುಕೊಳ್ಳುವುದಿಲ್ಲ. ಗೋಡೆಗೆ ಬಡಿದ ಸದ್ದಿನ ಶಕ್ತಿ ಕೊಂಚ ಕೊಂಚವಾಗಿ ಶಾಖವಾಗಿ ಕರಗಿಹೋಗುತ್ತದೆ. ಸದ್ದನ್ನು ಹಿಡಿಯಬೇಕಾದರೆ ಎರಡು ಬೇಕು. ಕಂಪನಕ್ಕೆ ತಕ್ಕಂತೆ ಗೀರು ಎಳೆಯುವ ಒಂದು ಮೊನೆ, ಮತ್ತು ಆ ಮೊನೆಯ ಕೆಳಗೆ ಒಂದೇ ಹದದಲ್ಲಿ ಸರಿಯುವ ಮೆತ್ತನೆಯ ಮೈ. ಮೈ ಸರಿದರೆ ಮಾತ್ರ ಮೊದಲ ಅಕ್ಷರ ಒಂದು ಕಡೆ, ಎರಡನೆಯದು ಅದರ ಪಕ್ಕ ಬೀಳುತ್ತದೆ. ನಿಂತ ಗೋಡೆಯ ಮೇಲೆ ನೂರು ವರ್ಷದ ಸದ್ದೆಲ್ಲ ಒಂದೇ ಜಾಗಕ್ಕೆ ಬಡಿಯುತ್ತದೆ. ಒಂದೇ ಹಾಳೆಯ ಒಂದೇ ಸಾಲಿನ ಮೇಲೆ ಸಾವಿರ ಪತ್ರ ಬರೆದಂತೆ.

ಈ ಎರಡು ಷರತ್ತುಗಳನ್ನು ಪೂರೈಸಬಲ್ಲ ಹಳೆಯ ವಸ್ತು ಯಾವುದು ಎಂದು ಹುಡುಕಿದವರಿಗೆ ಹೊಳೆದದ್ದು ಕುಂಬಾರನ ಚಕ್ರ. ಹಸಿ ಮಣ್ಣು ತಿರುಗುತ್ತಿದೆ, ಕುಂಬಾರ ಕಡ್ಡಿಯಿಂದ ಅಲಂಕಾರದ ಗೀರು ಎಳೆಯುತ್ತಿದ್ದಾನೆ, ಪಕ್ಕದಲ್ಲಿ ಯಾರೋ ಮಾತಾಡುತ್ತಿದ್ದಾರೆ. ಗ್ರಾಮಫೋನ್ ತಟ್ಟೆಗೂ ಇದಕ್ಕೂ ಏನು ವ್ಯತ್ಯಾಸ? ರಿಚರ್ಡ್ ವುಡ್‌ಬ್ರಿಜ್ ಎಂಬ ಅಮೆರಿಕನ್ 1969ರಲ್ಲಿ ಎಂಜಿನಿಯರುಗಳ ಪತ್ರಿಕೆಯೊಂದಕ್ಕೆ ಬರೆದ ಪುಟ್ಟ ಪತ್ರದಲ್ಲಿ, ಮಡಕೆಯ ಗೀರಿಗೆ ಮುಳ್ಳು ತಾಗಿಸಿ ಚಕ್ರ ತಿರುಗಿಸಿದ ಮೋಟಾರಿನ ಗುಂಯ್‌ಗುಡುವಿಕೆಯನ್ನು ಕೇಳಿದೆನೆಂದೂ, ಕ್ಯಾನ್ವಾಸಿನ ಮೇಲಿನ ನೀಲಿ ಬಣ್ಣದ ಗೀಟಿನಲ್ಲಿ 'ನೀಲಿ' ಎಂಬರ್ಥದ ಇಂಗ್ಲಿಷ್ ಪದವನ್ನೇ ಕಂಡೆನೆಂದೂ ಹೇಳಿಕೊಂಡ. ಇವೆಲ್ಲ ಅವನೇ ಬೇಕೆಂದು ಏರ್ಪಡಿಸಿದ ಪ್ರಯೋಗಗಳು. 1993ರಲ್ಲಿ ಮೆಂಡೆಲ್ ಕ್ಲೈನರ್, ಪಾಲ್ ಆಸ್ಟ್ರೋಮ್ ಎಂಬ ಸ್ವೀಡನ್ನಿನ ಇಬ್ಬರು ವಿದ್ವಾಂಸರು ಮತ್ತೆ ಮಣ್ಣನ್ನು ಪರೀಕ್ಷಿಸಿದರು. ಈವರೆಗೆ ಯಾವ ಪುರಾತನ ಮಡಕೆಯೂ ಒಂದು ಮಾತನ್ನೂ ಆಡಿಲ್ಲ. ಕುಂಬಾರನ ಕೈಯ ನಡುಕ, ಮಣ್ಣಿನ ಮರಳು, ಆವಿಗೆಯ ಬೆಂಕಿ ಇವೆಲ್ಲವೂ ಮಾತಿಗಿಂತ ದೊಡ್ಡ ಗುರುತುಗಳನ್ನು ಬಿಟ್ಟಿರುತ್ತವೆ.

ನಿಜವಾಗಿ ಗೀರಿನಿಂದ ದನಿ ಎದ್ದು ಬಂದದ್ದು ಬೇರೊಂದು ಕಡೆ. ಪ್ಯಾರಿಸ್ಸಿನಲ್ಲಿ ಮುದ್ರಣದ ಕೆಲಸದಲ್ಲಿದ್ದ ಎಡ್ವರ್ಡ್-ಲಿಯಾನ್ ಸ್ಕಾಟ್ ಡಿ ಮಾರ್ಟಿನ್‌ವಿಲ್ 1857ರಲ್ಲಿ ಒಂದು ಯಂತ್ರಕ್ಕೆ ಪೇಟೆಂಟ್ ಪಡೆದ. ಮಸಿ ಹಿಡಿಸಿದ ಕಾಗದದ ಮೇಲೆ ಸದ್ದು ತಾನಾಗಿ ಅಲೆಯಲೆಯಾಗಿ ಗೀಟು ಬರೆದುಕೊಳ್ಳುವ ಯಂತ್ರ ಅದು. ಎಡಿಸನ್‌ನ ಫೋನೋಗ್ರಾಫ್ ಬಂದದ್ದು 1877ರಲ್ಲಿ, ಅಂದರೆ ಇಪ್ಪತ್ತು ವರ್ಷ ತಡವಾಗಿ. ಆದರೆ ಸ್ಕಾಟ್‌ನ ಯಂತ್ರ ಮರಳಿ ನುಡಿಯುತ್ತಿರಲಿಲ್ಲ, ಅವನಿಗೆ ಅದು ಬೇಕೂ ಇರಲಿಲ್ಲ. ಅಚ್ಚಿನ ಮನೆಯ ಮನುಷ್ಯನಾದ ಅವನಿಗೆ ಸದ್ದನ್ನು ಕಣ್ಣಿನಿಂದ ಓದಬೇಕಿತ್ತು. ಅವನು 1860ರ ಏಪ್ರಿಲ್ 9ರಂದು ದಾಖಲಿಸಿದ ಒಂದು ಫ್ರೆಂಚ್ ಜನಪದ ಹಾಡಿನ ತುಣುಕನ್ನು 2008ರಲ್ಲಿ ಅಮೆರಿಕದ ಸಂಶೋಧಕರು ಕಂಪ್ಯೂಟರಿನ ನೆರವಿನಿಂದ ನುಡಿಸಿದರು. ಲೋಕ ಬೆರಗಾಗಿ ಕೇಳಿತು. ಹಾಡುತ್ತಿರುವುದು ಎಳೆಯ ಹುಡುಗಿ ಎಂದು ಎಲ್ಲರಿಗೂ ಅನಿಸಿತು. ಮರುವರ್ಷ ಅದೇ ಸಂಶೋಧಕರು ತಮ್ಮ ಲೆಕ್ಕವನ್ನು ತಾವೇ ತಿದ್ದಿಕೊಂಡರು. ತುಣುಕನ್ನು ಇಮ್ಮಡಿ ವೇಗದಲ್ಲಿ ನುಡಿಸಲಾಗಿತ್ತು. ಸರಿಯಾದ ವೇಗಕ್ಕೆ ಇಳಿಸಿದಾಗ ಹುಡುಗಿ ಮಾಯವಾಗಿ ಗಂಡಸೊಬ್ಬ, ಬಹುಶಃ ಸ್ಕಾಟ್ ತಾನೇ, ನಿಧಾನವಾಗಿ ಹಾಡುತ್ತಿದ್ದ. ಕಾಗದದ ಮೇಲಿನ ಗೀಟು ಒಂದಿಷ್ಟೂ ಬದಲಾಗಿರಲಿಲ್ಲ, ಬದಲಾದದ್ದು ಓದುವವರು ಆರಿಸಿದ ವೇಗ. ಸದ್ದಿನ ಓದಿನ ಬಗ್ಗೆ ಬರೆಯುವ ಯಾವ ಕತೆಗಾರನೂ ಈ ಘಟನೆಯನ್ನು ಮರೆಯಬಾರದು. ಗುರುತು ತಾನಾಗಿ ಹೆಣ್ಣೂ ಅಲ್ಲ, ಗಂಡೂ ಅಲ್ಲ. ಓದುವವನು ಒಂದು ವೇಗ ಗೊತ್ತುಮಾಡಿದ ಮೇಲಷ್ಟೇ ಅದು ಯಾರದೋ ದನಿಯಾಗುತ್ತದೆ.

ಇನ್ನು ಕತೆಗಳಿಗೆ ಬರೋಣ. ಈ ಬಗೆಯಲ್ಲಿ ಹೆಚ್ಚು ಹೆಸರು ಮಾಡಿದ್ದು 1972ರ ಕ್ರಿಸ್‌ಮಸ್ ದಿನ ಬಿಬಿಸಿ ಪ್ರಸಾರ ಮಾಡಿದ, ನೈಜೆಲ್ ನೀಲ್ ಬರೆದ 'ದಿ ಸ್ಟೋನ್ ಟೇಪ್' ಎಂಬ ಟೆಲಿವಿಷನ್ ನಾಟಕ. ಇಲೆಕ್ಟ್ರಾನಿಕ್ಸ್ ಕಂಪನಿಯೊಂದರ ಸಂಶೋಧಕರ ತಂಡ ಹೊಸ ಧ್ವನಿಮುದ್ರಣ ಮಾಧ್ಯಮವನ್ನು ಹುಡುಕುತ್ತ ಹಳೆಯ ಬಂಗಲೆಯೊಂದಕ್ಕೆ ಬಂದಿಳಿಯುತ್ತದೆ. ಅಲ್ಲಿನ ಒಂದು ಕಲ್ಲಿನ ಕೋಣೆಯಲ್ಲಿ, ಹಿಂದೆಂದೋ ಮೆಟ್ಟಿಲಿಂದ ಬಿದ್ದು ಸತ್ತ ಮನೆಗೆಲಸದ ಹುಡುಗಿಯ ಚೀತ್ಕಾರ ಕೇಳಿಸುತ್ತದೆ. ತಂಡದ ಯಜಮಾನ ಬ್ರಾಕ್‌ನಿಗೆ ಇದು ಭೂತವಲ್ಲ. ಕಲ್ಲು ಅವಳ ಕೊನೆಯ ಕೂಗನ್ನು ಮುದ್ರಿಸಿಕೊಂಡಿದೆ, ಹಾಗಾದರೆ ಟೇಪಿನ ಬದಲು ಕಲ್ಲನ್ನೇ ಬಳಸಬಹುದು, ಜಪಾನಿನ ಕಂಪನಿಗಳನ್ನು ಮಣಿಸಬಹುದು. ಉಪಕರಣಗಳನ್ನು ತಂದು ಸುರಿದು, ಕೋಣೆಯನ್ನು ಹಿಂಸಿಸಿ, ಕೊನೆಗೆ ಅವರು ಆ ಮುದ್ರಣವನ್ನೇ ಅಳಿಸಿಹಾಕುತ್ತಾರೆ. ಅದರಡಿಯಲ್ಲಿ ಇನ್ನೂ ಹಳೆಯದಾದ, ಇನ್ನೂ ಭಯಂಕರವಾದ ಪದರವಿರುವುದನ್ನು ಗುರುತಿಸುವವಳು ತಂಡದ ಕಂಪ್ಯೂಟರ್ ತಜ್ಞೆ ಜಿಲ್. ಅವಳ ಮಾತನ್ನು ಯಾರೂ ಕಿವಿಗೆ ಹಾಕಿಕೊಳ್ಳುವುದಿಲ್ಲ. ಅವಳು ಅದೇ ಕೋಣೆಯಲ್ಲಿ ಸಾಯುತ್ತಾಳೆ. ಕಲ್ಲಿನ ಮೇಲೆ ಈಗ ಅವಳ ಕೂಗು.

ಈ ನಾಟಕವನ್ನು ಭೂತದ ಕತೆಗೆ ವಿಜ್ಞಾನದ ಅಂಗಿ ತೊಡಿಸಿದ ಜಾಣತನವೆಂದು ಹೊಗಳುವ ರೂಢಿಯಿದೆ. ನಮಗೆ ಅದರ ಬಲ ಕಾಣುವುದು ಇನ್ನೊಂದೆಡೆ. ಒಬ್ಬ ಕೆಲಸದಾಳು ಹುಡುಗಿಯ ಸಾವು ಅವಳು ಬದುಕಿದ್ದಾಗಲೂ ಯಾರಿಗೂ ಸುದ್ದಿಯಾಗಿರಲಿಲ್ಲ. ಸತ್ತ ಮೇಲೆ ಅವಳ ಕೂಗು ಕಚ್ಚಾ ಸಾಮಗ್ರಿಯಾಯಿತು. ಅವಳು ಯಾಕೆ ಓಡಿದಳು, ಯಾವುದಕ್ಕೆ ಹೆದರಿ ಮೆಟ್ಟಿಲು ಹತ್ತಿದಳು ಎಂದು ಬ್ರಾಕ್ ಕೇಳುವುದಿಲ್ಲ. ಎಷ್ಟು ಹೊತ್ತಿನ ಮುದ್ರಣ, ಮತ್ತೆ ಮತ್ತೆ ನುಡಿಸಬಹುದೇ ಎಂದು ಕೇಳುತ್ತಾನೆ. ಆ ಪ್ರಶ್ನೆಯನ್ನು ಕೇಳಬಲ್ಲವಳಾಗಿದ್ದ ಜಿಲ್ ಕೂಡ ಕೊನೆಗೆ ಅದೇ ಕಲ್ಲಿನ ಸರಕಾಗುತ್ತಾಳೆ. ಬ್ಯಾಬೇಜನ ನೀರು ಗುಲಾಮನ ಪರವಾಗಿ ಸಾಕ್ಷಿ ಹೇಳಬೇಕಿತ್ತು, ನೀಲ್‌ನ ಕಲ್ಲು ಹುಡುಗಿಯ ಪರವಾಗಿ ಏನನ್ನೂ ಹೇಳುವುದಿಲ್ಲ, ಕೂಗನ್ನು ಮಾತ್ರ ಪುನರಾವರ್ತಿಸುತ್ತದೆ. ನಾಟಕದ ದೋಷವೂ ಇಲ್ಲಿಯೇ ಇದೆ. ಅದು ಕಂಪನಿಯ ಕಿವುಡುತನವನ್ನು ಚೆನ್ನಾಗಿ ತೋರಿಸುತ್ತದೆ, ಆದರೆ ಪ್ರೇಕ್ಷಕರಾದ ನಮಗೂ ಆ ಹುಡುಗಿಯ ಬದುಕಿನ ಬಗ್ಗೆ ಬಹಳವೇನೂ ತಿಳಿಸುವುದಿಲ್ಲ. ನಾವೂ ಅವಳ ಚೀತ್ಕಾರಕ್ಕೆ ಬೆಚ್ಚಿ, ಟಿವಿ ಆರಿಸಿ ಮಲಗುತ್ತೇವೆ.

ಇದಕ್ಕಿಂತ ಆಳಕ್ಕೆ ಇಳಿಯುವ ಕತೆ ಜೆ.ಜಿ. ಬಲಾರ್ಡ್ 1960ರಲ್ಲಿ ಬರೆದ 'ದಿ ಸೌಂಡ್-ಸ್ವೀಪ್'. ಹೆಸರಿನ ಅರ್ಥವೇ ಸದ್ದು ಗುಡಿಸುವವನು ಎಂದು. ಅವನ ಕಲ್ಪನೆಯ ನಗರದಲ್ಲಿ ಕಿವಿಗೆ ಕೇಳುವ ಸಂಗೀತ ಹಳತಾಗಿದೆ. ಕೇಳಿಸದೆಯೇ ಮನಸ್ಸಿಗೆ ತಾಗುವ ಶ್ರವಣಾತೀತ ಸಂಗೀತ ಬಂದಿದೆ. ಗೋಡೆ, ಕುರ್ಚಿ, ಪರದೆಗಳಿಗೆ ಅಂಟಿಕೊಂಡ ಹಳೆಯ ಮಾತು, ಜಗಳ, ಕೆಮ್ಮು, ಔತಣದ ಗದ್ದಲ ಎಲ್ಲವೂ ಈಗ ಕಸ. ಆ ಕಸವನ್ನು ಯಂತ್ರದಿಂದ ಹೀರಿ, ಗಾಡಿಯಲ್ಲಿ ತುಂಬಿ, ಊರ ಹೊರಗಿನ ತಿಪ್ಪೆಗೆ ಸುರಿಯುವ ಕೆಲಸಗಾರ ಮ್ಯಾಂಗನ್. ಎಳವೆಯಲ್ಲಿ ತಾಯಿಯ ಏಟಿನಿಂದ ದನಿ ಕಳೆದುಕೊಂಡ ಮೂಗ. ಆದರೆ ಅವನ ಕಿವಿಯಂಥ ಕಿವಿ ನಗರದಲ್ಲೇ ಇಲ್ಲ. ಗೋಡೆಯ ಹತ್ತಿರ ನಿಂತರೆ ಅಲ್ಲಿ ಯಾರು ಏನು ಆಡಿದ್ದರೆಂದು ಅವನಿಗೆ ತಿಳಿಯುತ್ತದೆ. ಕೆಲಸ ಕಳೆದುಕೊಂಡ ಹಳೆಯ ಗಾಯಕಿ ಮೇಡಂ ಜೊಕೊಂಡಳನ್ನು ಅವನು ಆರಾಧಿಸುತ್ತಾನೆ. ತಿಪ್ಪೆಯಲ್ಲಿ ಹುಡುಕಿ ದೊಡ್ಡ ಮನುಷ್ಯನೊಬ್ಬನ ಗುಟ್ಟಿನ ಮಾತುಗಳನ್ನು ಹೆಕ್ಕಿ ಕೊಟ್ಟು, ಅವಳು ಮತ್ತೆ ವೇದಿಕೆ ಏರುವಂತೆ ಮಾಡುತ್ತಾನೆ. ವೇದಿಕೆ ಸಿಕ್ಕ ಮೇಲೆ ಅವಳಿಗೆ ಮ್ಯಾಂಗನ್ ಬೇಡವಾಗುತ್ತಾನೆ. ಅವಳ ಒಡೆದ ದನಿ ಸಭಿಕರಿಗೆ ಕೇಳದಂತೆ ಯಂತ್ರದಿಂದ ಹೀರಿಕೊಳ್ಳಬೇಕಿದ್ದವನು ಕೊನೆಯಲ್ಲಿ ಯಂತ್ರವನ್ನು ನಿಲ್ಲಿಸಿಬಿಡುತ್ತಾನೆ. ಸಭೆಗೆ ಆ ದನಿ ಇದ್ದ ಹಾಗೆ ಕೇಳಿಸುತ್ತದೆ.

ಇಂಗ್ಲಿಷ್ ಓದುಗರಿಗೆ ಇದು ಕಲೆಯ ಅವಸಾನದ ಕತೆಯಾಗಿ ಕಾಣಬಹುದು. ಕನ್ನಡದ ಓದುಗರಾದ ನಮಗೆ ಮೊದಲು ಕಣ್ಣಿಗೆ ಬೀಳುವುದು ಪೊರಕೆ. ಬೇರೆಯವರ ಬದುಕಿನ ಕಸವನ್ನು ಹೊತ್ತು ಊರ ಹೊರಗೆ ಹಾಕುವವನಿಗೇ ಆ ಊರಿನ ಒಳಗುಟ್ಟೆಲ್ಲ ಗೊತ್ತಿರುತ್ತದೆ, ಮತ್ತು ಅವನಿಗೇ ಊರಿನಲ್ಲಿ ಮಾತಿಲ್ಲ. ಇದನ್ನು ನಮಗೆ ಯಾವ ವಿಜ್ಞಾನ ಕತೆಯೂ ಹೇಳಿಕೊಡಬೇಕಾಗಿಲ್ಲ, ನಮ್ಮ ಕೇರಿಗಳ ವ್ಯವಸ್ಥೆಯೇ ಹೇಳಿಕೊಟ್ಟಿದೆ. ಕತ್ತೆಕಿವಿ ರಾಜನ ಗುಟ್ಟು ಬಲ್ಲವನೂ ಮಂತ್ರಿಯಲ್ಲ, ತಲೆ ಮುಟ್ಟಿ ದುಡಿಯುವ ಕ್ಷೌರಿಕ. ಬಲಾರ್ಡ್ ಜಾತಿಯನ್ನು ಮನಸ್ಸಿನಲ್ಲಿಟ್ಟು ಬರೆದಿರಲಾರ. ಆದರೆ ಸದ್ದಿನ ಓದುಗನನ್ನು ಪ್ರಯೋಗಾಲಯದ ವಿಜ್ಞಾನಿಯಾಗಿಸದೆ ಕಸ ಗುಡಿಸುವವನಾಗಿಸಿದ್ದರಿಂದ ಅವನ ಕತೆಯಲ್ಲಿ ಒಂದು ಸತ್ಯ ತಾನಾಗಿ ಹೊಕ್ಕಿದೆ. ಕೇಳಿಸಿಕೊಳ್ಳುವ ಶಕ್ತಿ ಇರುವವನಿಗೆ ಹೇಳುವ ಅಧಿಕಾರವಿಲ್ಲ, ಹೇಳುವ ಅಧಿಕಾರವಿರುವವರಿಗೆ ಕೇಳಿಸಿಕೊಳ್ಳುವ ಅಭ್ಯಾಸವಿಲ್ಲ. ಮ್ಯಾಂಗನ್ ಕೊನೆಗೆ ಮಾಡುವುದು ಸೇಡಿನಂತೆ ತೋರಿದರೂ, ಅವನು ಹೊಸದಾಗಿ ಒಂದು ಸದ್ದನ್ನೂ ಸೇರಿಸುವುದಿಲ್ಲ. ಮುಚ್ಚಿಡುವ ದುಡಿಮೆಯನ್ನು ನಿಲ್ಲಿಸುತ್ತಾನೆ, ಅಷ್ಟೆ.

ಇವು ಕಲ್ಪನೆಯ ಮಾತಾದವು. ವಸ್ತುವಿನಲ್ಲಿ ನಿಜಕ್ಕೂ ಸದ್ದನ್ನು ಹೂತಿಟ್ಟ ಒಂದು ಪ್ರಕರಣವಿದೆ. ಅದರ ಮುಂದೆ ಈ ಕತೆಗಳನ್ನಿಟ್ಟು ನೋಡಬೇಕು. ಮೊದಲ ಮಹಾಯುದ್ಧದಲ್ಲಿ ಜರ್ಮನಿ ಬರ್ಲಿನ್ ಬಳಿಯ ವ್ಯೂನ್ಸ್‌ಡೋರ್ಫಿನಲ್ಲಿ 'ಅರ್ಧಚಂದ್ರ ಶಿಬಿರ' ಎಂಬ ಸೆರೆಶಿಬಿರವನ್ನು ತೆರೆಯಿತು. ಬ್ರಿಟಿಷ್ ಮತ್ತು ಫ್ರೆಂಚ್ ಸೇನೆಗಳಲ್ಲಿದ್ದ ಮುಸ್ಲಿಂ ಸೈನಿಕರನ್ನು ಮುಖ್ಯವಾಗಿ ಅಲ್ಲಿಟ್ಟು, ಉಸ್ಮಾನಿ ಸುಲ್ತಾನನ ಜಿಹಾದ್ ಘೋಷಣೆಯ ಹೆಸರಿನಲ್ಲಿ ಅವರನ್ನು ತನ್ನ ಕಡೆಗೆ ತಿರುಗಿಸಿಕೊಳ್ಳುವುದು ಅದರ ಲೆಕ್ಕ. ಅದಕ್ಕಾಗಿ 1915ರಲ್ಲಿ ಮರದ ಮಸೀದಿಯೊಂದನ್ನೂ ಕಟ್ಟಿಕೊಟ್ಟಿತು. ಭಾರತದ ಹಿಂದೂ, ಸಿಖ್ ಸೈನಿಕರೂ ಅಲ್ಲಿದ್ದರು. 1915ರಿಂದ 1918ರವರೆಗೆ ಪ್ರಷ್ಯದ ಧ್ವನಿಮುದ್ರಣ ಆಯೋಗವೊಂದು ಇಂಥ ಶಿಬಿರಗಳನ್ನು ಸುತ್ತಿ, ಕೈದಿಗಳನ್ನು ಕೊಳವೆಯ ಮುಂದೆ ನಿಲ್ಲಿಸಿ, ಸುಮಾರು 1,650 ತಟ್ಟೆಗಳಲ್ಲಿ ಅವರ ಭಾಷೆಗಳನ್ನು ಮುದ್ರಿಸಿಕೊಂಡಿತು. ಅವರೇನು ಹೇಳಬಯಸುತ್ತಾರೆ ಎಂಬುದು ಆ ವಿದ್ವಾಂಸರಿಗೆ ಬೇಕಿರಲಿಲ್ಲ. ಉಚ್ಚಾರ, ವ್ಯಾಕರಣ, ಕಂಠದ ಗುಣ ಬೇಕಿತ್ತು. ಎಷ್ಟೋ ಮಂದಿಯಿಂದ ಬೈಬಲ್ಲಿನ ದಾರಿತಪ್ಪಿ ಮರಳಿದ ಮಗನ ಕತೆಯನ್ನು ಹೇಳಿಸಿದರು. ಗ್ರಿಯರ್‌ಸನ್ ನಡೆಸಿದ ಭಾರತದ ಭಾಷಾ ಸಮೀಕ್ಷೆಯಲ್ಲೂ ಮಾದರಿ ಪಠ್ಯ ಅದೇ. ಮನೆಗೆ ಮರಳಲಾರದ ಮಕ್ಕಳಿಂದ ಮನೆಗೆ ಮರಳಿದ ಮಗನ ಕತೆ ಹೇಳಿಸುತ್ತಿದ್ದೇವೆ ಎಂಬುದು ಆಯೋಗದ ಪಂಡಿತರಿಗೆ ಹೊಳೆದಂತಿಲ್ಲ.

ಆದರೂ ಅಲ್ಲೊಂದು ಬಿರುಕಿತ್ತು. 1916ರ ಡಿಸೆಂಬರಿನಲ್ಲಿ ಮಾಲ್ ಸಿಂಗ್ ಎಂಬ ಪಂಜಾಬಿ ಸೈನಿಕ ಕೊಳವೆಯ ಮುಂದೆ ನಿಂತು ಕತೆ ಹೇಳುವವನ ಧಾಟಿ ಹಿಡಿದ. ಹಿಂದುಸ್ತಾನದಲ್ಲಿ ಬೆಣ್ಣೆ ತಿಂದುಕೊಂಡಿದ್ದ ಒಬ್ಬ ಮನುಷ್ಯ ಯುದ್ಧಕ್ಕೆ ಬಂದು ಸೆರೆಸಿಕ್ಕ, ಅವನಿಗೆ ಮನೆಗೆ ಹೋಗಬೇಕಾಗಿದೆ, ಇನ್ನೆರಡು ವರ್ಷ ಇಲ್ಲೇ ಉಳಿದರೆ ಸಾಯುತ್ತಾನೆ ಎಂಬುದು ಅವನ ಮಾತಿನ ಸಾರ. 'ನಾನು' ಎನ್ನಲಿಲ್ಲ, 'ಅವನು' ಎಂದ. ವ್ಯಾಕರಣದ ಮಾದರಿ ಕೇಳಿದವರಿಗೆ ಅವನು ತನ್ನ ಗವಾಹಿಯನ್ನು ಜನಪದ ಕತೆಯ ವೇಷದಲ್ಲಿ ಕೊಟ್ಟ. ಆ ದನಿ ಉಳಿದ ತಟ್ಟೆಯಾದರೂ ಯಾವುದರದು? ಅರಗಿನದು. ಆ ಕಾಲದಲ್ಲಿ ಜಗತ್ತಿನ ಗ್ರಾಮಫೋನ್ ತಟ್ಟೆಗಳಿಗೆ ಬೇಕಾದ ಅರಗು ಬಹುಪಾಲು ಹೋಗುತ್ತಿದ್ದುದು ನಮ್ಮ ದೇಶದ ಕಾಡುಗಳಿಂದ, ಆದಿವಾಸಿಗಳ ಕೈಯಿಂದ. ಪಾಂಡವರಿಗೆ ಕಟ್ಟಿದ ಅರಗಿನ ಮನೆಯ ಕತೆ ಬಲ್ಲ ನಮಗೆ ಈ ಅರಗಿನ ಸೆರೆ ಬೇರೆಯೇ ಅರ್ಥ ಕೊಡುತ್ತದೆ. ಮರದ ಮಸೀದಿ ಈಗಿಲ್ಲ. ಇನ್ನೂರಕ್ಕೂ ಹೆಚ್ಚು ಭಾರತೀಯ ಸೈನಿಕರ ಸಮಾಧಿಗಳು ಅಲ್ಲಿ ಹತ್ತಿರದಲ್ಲೇ ಇವೆ. ತಟ್ಟೆಗಳು ಬರ್ಲಿನ್ನಿನ ಹುಂಬೋಲ್ಟ್ ವಿಶ್ವವಿದ್ಯಾನಿಲಯದ ಧ್ವನಿ ಸಂಗ್ರಹದಲ್ಲಿ ಉಳಿದು, ಅವುಗಳನ್ನು ಹಿಡಿದು ಫಿಲಿಪ್ ಶೆಫ್ನರ್ 2007ರಲ್ಲಿ ಒಂದು ಸಾಕ್ಷ್ಯಚಿತ್ರ ಮಾಡಿದ ಮೇಲೆ ಮಾಲ್ ಸಿಂಗನ ಮಾತು ಲೋಕದ ಕಿವಿಗೆ ಬಿತ್ತು. ತೊಂಬತ್ತು ವರ್ಷ ಆ ವಸ್ತುವಿನಲ್ಲಿ ಸದ್ದು ಇದ್ದೇ ಇತ್ತು. ಇಲ್ಲದಿದ್ದುದು ಅದನ್ನು ಮಾತು ಎಂದು ಕೇಳುವ ಮನಸ್ಸು.

ಕೇಳುವ ಕಿವಿ ಯಾರದು ಎಂಬ ಈ ಪ್ರಶ್ನೆ ಈಗ ಇನ್ನಷ್ಟು ಹರಿತವಾಗಿದೆ. 2014ರಲ್ಲಿ ಅಮೆರಿಕದ ಎಂಐಟಿಯ ಸಂಶೋಧಕರು, ಸದ್ದು ದಾಟದ ಗಾಜಿನ ಆಚೆ ಬಿದ್ದಿದ್ದ ಆಲೂಗಡ್ಡೆ ಚಿಪ್ಸಿನ ಪೊಟ್ಟಣವೊಂದರ ಕಣ್ಣಿಗೆ ಕಾಣದ ನಡುಕವನ್ನು ಅತಿವೇಗದ ಕ್ಯಾಮೆರಾದಲ್ಲಿ ಚಿತ್ರಿಸಿ, ಅದರಿಂದಲೇ ಕೋಣೆಯಲ್ಲಿ ಆಡಿದ ಮಾತನ್ನು ಮರಳಿ ಪಡೆದರು. ಇದು ಹಳೆಯ ಮಾತಲ್ಲ, ಆಡುತ್ತಿರುವಾಗಲೇ ಕದ್ದು ಕೇಳಿದ ಮಾತು. ಗೋಡೆಗೂ ಕಿವಿಯಿದೆ ಎಂಬ ಗಾದೆ ಅಕ್ಷರಶಃ ನಿಜವಾಯಿತು, ಅದರ ಎಚ್ಚರಿಕೆಯೂ ಹಾಗೇ ಉಳಿಯಿತು. ನೀರು ಗುಲಾಮನ ಪರವಾಗಿ ನುಡಿಯಬೇಕೆಂಬ ಕನಸು ಒಂದು ತುದಿಯಲ್ಲಿದ್ದರೆ, ಮನೆಯ ತಿಂಡಿ ಪೊಟ್ಟಣವೂ ಮನೆಯವರ ಮೇಲೆ ಚಾಡಿ ಹೇಳಬಲ್ಲದು ಎಂಬ ಭಯ ಇನ್ನೊಂದು ತುದಿಯಲ್ಲಿದೆ.

ಮೂಕ ವಸ್ತುಗಳನ್ನು ಮಾತಾಡಿಸಿ ತೀರ್ಪು ಪಡೆಯುವ ಪ್ರಯತ್ನ ನಮ್ಮ ದೇಶದಲ್ಲೂ ನಡೆದಿದೆ. 1992ರ ಡಿಸೆಂಬರ್ 6ರಂದು ಬಾಬರಿ ಮಸೀದಿಯನ್ನು ಕೆಡವಿದ ಜಾಗದಲ್ಲಿ, ಅಲಹಾಬಾದ್ ಹೈಕೋರ್ಟಿನ ಆದೇಶದಂತೆ ಪುರಾತತ್ವ ಇಲಾಖೆ 2003ರ ಮಾರ್ಚಿನಿಂದ ಆಗಸ್ಟ್‌ವರೆಗೆ ನೆಲ ಅಗೆಯಿತು. ಅದೇ ಇಟ್ಟಿಗೆಚೂರಿನ ಗುಡ್ಡೆಗಳನ್ನು ಕೆಲವರು ಕಂಬಗಳ ಬುಡ ಎಂದು ಓದಿದರು, ಬೇರೆ ಪುರಾತತ್ವಜ್ಞರು ಅಲ್ಲವೆಂದು ಓದಿದರು. 2019ರ ನವೆಂಬರ್ 9ರ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಅಡಿಯಲ್ಲೊಂದು ಹಳೆಯ ಕಟ್ಟಡವಿತ್ತೆಂಬ ವರದಿಯನ್ನು ಒಪ್ಪಿತು. ಅದನ್ನು ಕೆಡವಿ ಮಸೀದಿ ಕಟ್ಟಲಾಯಿತೆಂದು ಆ ವರದಿ ಹೇಳಿಲ್ಲವೆಂದೂ, ಅಗೆತದ ಶೋಧನೆಗಳಿಂದಲೇ ಜಾಗದ ಹಕ್ಕು ತೀರ್ಮಾನವಾಗದೆಂದೂ ಹೇಳಿತು. 1992ರ ಧ್ವಂಸವು ಕಾನೂನಿನ ಘೋರ ಉಲ್ಲಂಘನೆ ಎಂದೂ ಹೇಳಿತು. ಜಾಗ ಯಾರಿಗೆ ಹೋಯಿತೆಂಬುದು ಎಲ್ಲರಿಗೂ ಗೊತ್ತು. ನಮ್ಮ ವಿಷಯಕ್ಕೆ ಸಂಬಂಧಿಸಿದ್ದು ಇಷ್ಟು. ಮಣ್ಣಿನ ಪದರವೂ ಸ್ಕಾಟ್‌ನ ಮಸಿ ಕಾಗದದಂತೆಯೇ. ಯಾವ ವೇಗದಲ್ಲಿ ನುಡಿಸಬೇಕೆಂದು ಮೊದಲೇ ಗೊತ್ತುಮಾಡಿಕೊಂಡು ಬಂದವರಿಗೆ ಅದು ಅವರು ಬಯಸಿದ ದನಿಯಲ್ಲೇ ಹಾಡುತ್ತದೆ. ತಮ್ಮ ಲೆಕ್ಕವನ್ನು ಮರುವರ್ಷ ತಾವೇ ತಿದ್ದಿಕೊಂಡ ಸಂಶೋಧಕರ ಪ್ರಾಮಾಣಿಕತೆ ಬೀದಿಯ ಘೋಷಣೆಗಳಿಗೆ ಇರುವುದಿಲ್ಲ.

ಇನ್ನೊಂದು ಕಡೆ, ಬಾಯಿರುವವರು ಬದುಕಿಯೇ ಇದ್ದರು. 2002ರ ಮಾರ್ಚ್ 1ರಂದು ವಡೋದರದ ಬೆಸ್ಟ್ ಬೇಕರಿಯಲ್ಲಿ 14 ಮಂದಿ ಸತ್ತರು. 2003ರ ಜೂನಿನಲ್ಲಿ ಕೆಳ ನ್ಯಾಯಾಲಯ ಎಲ್ಲ 21 ಆರೋಪಿಗಳನ್ನು ಖುಲಾಸೆ ಮಾಡಿತು, ಸಾಕ್ಷಿಗಳು ಒಬ್ಬೊಬ್ಬರಾಗಿ ತಿರುಗಿಬಿದ್ದಿದ್ದರು. 2004ರ ಏಪ್ರಿಲಿನಲ್ಲಿ ಸುಪ್ರೀಂ ಕೋರ್ಟು ಗುಜರಾತಿನ ಹೊರಗೆ, ಮಹಾರಾಷ್ಟ್ರದಲ್ಲಿ ಮರುವಿಚಾರಣೆ ನಡೆಯಬೇಕೆಂದಿತು. ಇಂಥ ಸುದ್ದಿ ಓದಿದಾಗ, ಆ ಬೇಕರಿಯ ಒಲೆಗೆ ಮಾತು ಬಂದಿದ್ದರೆ ಎಂಬ ನಿಟ್ಟುಸಿರು ಯಾರಿಗಾದರೂ ಹೊರಡುತ್ತದೆ. ಸಹಜವಾದ ನಿಟ್ಟುಸಿರೇ. ಆದರೆ ಒಲೆಗೆ ಮಾತು ಬರಿಸುವುದಕ್ಕಿಂತ ಸಾಕ್ಷಿ ಹೇಳುವವರಿಗೆ ನಿರ್ಭಯವಾಗಿ ನಿಲ್ಲುವ ಜಾಗ ಕೊಡುವುದು ಸುಲಭವಾಗಿತ್ತಲ್ಲ? ಸಾಕ್ಷಿಗಳ ರಕ್ಷಣೆಗೆ ಒಂದು ಯೋಜನೆಯನ್ನು ದೇಶದ ಕಾನೂನಾಗಿ ಪಾಲಿಸಬೇಕೆಂದು ಸುಪ್ರೀಂ ಕೋರ್ಟು ಹೇಳಿದ್ದು 2018ರ ಡಿಸೆಂಬರಿನಲ್ಲಿ. ಗೋಡೆಗಳಿಂದ ಗವಾಹಿ ಬಯಸುವ ಸಮಾಜ ಮೊದಲು ಮನುಷ್ಯರ ಗವಾಹಿಯನ್ನು ಕೈಬಿಟ್ಟಿರುತ್ತದೆ.

ಹಾಗೆಂದು ಸದ್ದಿನ ಓದನ್ನು ಕುರಿತು ಕತೆ ಬರೆಯಬಾರದೆಂದು ನಾವು ಹೇಳುತ್ತಿಲ್ಲ. ಕತೆ ಬರೆಯುವವರಾದ ನಮಗೆ ಈ ವಸ್ತುವಿನ ಸೆಳೆತ ಗೊತ್ತು. ಬೀಡಿ ಸುತ್ತುವ ಮೊರ, ಊದುಬತ್ತಿ ಹೊಸೆಯುವ ಹಲಗೆ, ಹೊಲಿಗೆ ಯಂತ್ರದ ಮಣೆ, ನೇಕಾರನ ಗುಂಡಿಮಗ್ಗ ಇವೆಲ್ಲವುಗಳ ಎದುರು ಎಷ್ಟೆಷ್ಟೋ ಹೆಂಗಸರು, ಗಂಡಸರು ಬೇರೆ ಯಾರಿಗೂ ಹೇಳದ ಮಾತುಗಳನ್ನು ಆಡಿಕೊಂಡಿದ್ದಾರೆ. ಆ ಮಾತುಗಳಿಗೆ ಕತೆಯಲ್ಲಿ ಜಾಗ ಬೇಕು. ಆದರೆ ಕತೆಗಾರ ಮೊರದ ಬಾಯಿಂದ ಮಾತಾಡಿಸಲು ಹೊರಟಾಗ ಮೂರು ಪ್ರಶ್ನೆಗಳನ್ನು ತನಗೆ ತಾನೇ ಹಾಕಿಕೊಳ್ಳಬೇಕು. ಮೊರದ ಮುಂದೆ ಕೂತವಳು ತಾನೇ ಯಾಕೆ ಹೇಳಲಾರಳು? ಹೇಳದಂತೆ ತಡೆದವರು ಯಾರು? ಮೊರದ ಮಾತನ್ನು ಕೇಳಿಸಿಕೊಂಡವನು ಅದನ್ನು ಏನು ಮಾಡುತ್ತಾನೆ? ನೀಲ್‌ನ ನಾಟಕ ಮೂರನೆಯದನ್ನು ಕೇಳಿ ಮೊದಲಿನ ಎರಡನ್ನು ಬಿಟ್ಟಿತು. ಬಲಾರ್ಡ್ ಮೂರನ್ನೂ ಮುಟ್ಟಿದ. ಬ್ಯಾಬೇಜ್ ಎರಡನೆಯದನ್ನು ಹಡಗಿನ ಒಡೆಯನ ಕಡೆಗೆ ಬೆರಳು ತೋರಿಸಿ ಕೇಳಿದ. ಈ ಮೂರು ಪ್ರಶ್ನೆಗಳಿಗೆ ಹೆದರದ ಕತೆ ಕನ್ನಡದಲ್ಲಿ ಬರಲಿ. ಭೂಮಿ ತನ್ನ ವರದಿ ಒಪ್ಪಿಸುವ ದಿನ ಯಾವುದೆಂದು ತೀರ್ಮಾನಿಸುವವನು ಬೇರೆಯೇ ಇದ್ದಾನೆ. ಅಲ್ಲಿಯವರೆಗೆ ಪಕ್ಕದಲ್ಲಿ ಕೂತವರ ಮಾತಿಗೆ ಕಿವಿಗೊಡುವ ಕೆಲಸ ನಮ್ಮದು.